ಹದಿನೆಂಟು ವರ್ಷದ ನೌಕರಿ, ಈಗ ಅಂಕಪಟ್ಟಿಯ ಪ್ರಶ್ನೆ

ಓದುಗರ ಪ್ರಶ್ನೆ: ಸರ್, ನಾವು ಹೊಸನಗರ ತಾಲ್ಲೂಕಿನವರು. ನನ್ನ ಯಜಮಾನರು 1998ರಲ್ಲಿ ಎಸ್ಸೆಸ್ಸೆಲ್ಸಿಯಲ್ಲಿ ಗಣಿತ, ಇಂಗ್ಲಿಷ್ ಎರಡರಲ್ಲೂ ಫೇಲಾಗಿದ್ದರು. ಆಮೇಲೆ ಒಂದು ಟ್ಯುಟೋರಿಯಲ್‌ನವರು ದುಡ್ಡು ತಗೊಂಡು, ಬೇರೆ ಜಿಲ್ಲೆಯ ಒಂದು ಊರಿಗೆ ಕರ್ಕೊಂಡು ಹೋಗಿ ಪರೀಕ್ಷೆ ಬರೆಸಿದರಂತೆ. ಕೆಲವು ತಿಂಗಳ ಮೇಲೆ ಪಾಸಾದ ಮಾರ್ಕ್ಸ್ ಕಾರ್ಡ್ ಕೊಟ್ಟರು. 2007ರಲ್ಲಿ ನಮ್ಮ ಮಾವನವರು ಸರ್ಕಾರಿ ಸೇವೆಯಲ್ಲಿರುವಾಗಲೇ ತೀರಿಕೊಂಡರು. ಅನುಕಂಪದ ಮೇಲೆ ಇವರಿಗೆ ಎಸ್‌ಡಿಎ (ದ್ವಿತೀಯ ದರ್ಜೆ ಸಹಾಯಕ) ಕೆಲಸ ಸಿಕ್ಕಿತು. ಈಗ ತೋಟದ ಜಗಳದಲ್ಲಿ ದಾಯಾದಿಗಳು ಯಾರೋ ಮೂಗರ್ಜಿ ಹಾಕಿದ್ದಾರೆ. ಇಲಾಖೆಯವರು ಮಾರ್ಕ್ಸ್ ಕಾರ್ಡನ್ನು ಬೋರ್ಡಿಗೆ ಕಳಿಸಿದ್ದರು, ‘ತಾಳೆಯಾಗುತ್ತಿಲ್ಲ’ ಅಂತ ಉತ್ತರ ಬಂದಿದೆಯಂತೆ. ಇವರು ಊಟ ನಿದ್ದೆ ಬಿಟ್ಟಿದ್ದಾರೆ. ಹದಿನೆಂಟು ವರ್ಷ ಆಯ್ತು, ಇನ್ನು ಏನೂ ಮಾಡೋಕಾಗಲ್ಲ ಅಂತ ಕೆಲವರು ಹೇಳ್ತಾರೆ. ರಾಜೀನಾಮೆ ಕೊಟ್ಟರೆ ಎಲ್ಲ ಮುಗಿಯುತ್ತೆ ಅಂತ ಇನ್ನು ಕೆಲವರು. ಬೋರ್ಡಿನ ಉತ್ತರವನ್ನೇ ಬದಲಾಯಿಸಿ ಕೊಡ್ತೀನಿ ಅಂತ ಒಬ್ಬ ಏಜೆಂಟ್ ಫೋನ್ ಮಾಡಿದ್ದ. ಗ್ರೂಪ್ ಡಿ ಕೆಲಸಕ್ಕೆ ಆಗ ಎಸ್ಸೆಸ್ಸೆಲ್ಸಿ ಪಾಸು ಬೇಕಿರಲಿಲ್ಲ, ಅದನ್ನಾದರೂ ಉಳಿಸಿಕೊಡಿ ಅಂತ ಕೇಳಬಹುದಾ? ಜೈಲಾಗುತ್ತಾ? ಇಷ್ಟು ವರ್ಷದ ಸಂಬಳ ವಾಪಸ್ ಕಟ್ಟಬೇಕಾ? ಇಬ್ಬರು ಮಕ್ಕಳು ಓದುತ್ತಿದ್ದಾರೆ.

ಉತ್ತರ: ಮೊದಲು ಆ ಏಜೆಂಟಿನ ವಿಷಯ ಮುಗಿಸಿಬಿಡೋಣ. ಅವನ ಫೋನ್ ಮತ್ತೆ ಬಂದರೆ ಎತ್ತಬೇಡಿ. ಇವತ್ತು ನಿಮ್ಮ ಯಜಮಾನರ ಮೇಲಿರುವುದು ಇಪ್ಪತ್ತೈದು ವರ್ಷ ಹಿಂದಿನ ಒಂದು ಕಾಗದದ ಅನುಮಾನ. ‘ನನಗೆ ಗೊತ್ತಿರಲಿಲ್ಲ’ ಎಂದು ಹೇಳಲು ಅವರಿಗೆ ಸ್ವಲ್ಪವಾದರೂ ಜಾಗ ಇದೆ. ಬೋರ್ಡಿನ ಉತ್ತರವನ್ನೇ ತಿದ್ದಿಸಿದರೆ ಆ ಜಾಗ ಪೂರ್ತಿ ಹೋಗುತ್ತದೆ. ಆಗ ಅದು ಗೊತ್ತಿದ್ದೇ ಮಾಡಿದ ಹೊಸ ಅಪರಾಧ. ಆ ಕೇಸಿನಲ್ಲಿ ನಿಮ್ಮ ಹೆಸರೂ ಸೇರಬಹುದು. ಶಿವಮೊಗ್ಗದಲ್ಲಿ ಸೇವಾ ವಿಷಯದ ಕೇಸುಗಳನ್ನೇ ನಡೆಸಿಕೊಂಡು ಬಂದವನು ನಾನು. ಮೊದಲ ಕಾಗದಕ್ಕಿಂತ ಎರಡನೇ ಕಾಗದದಿಂದ ಹಾಳಾದ ಮನೆಗಳನ್ನು ನೋಡಿದ್ದೇನೆ. ಹಾಗಾಗಿ ಇದನ್ನು ಇಷ್ಟು ಗಟ್ಟಿಯಾಗಿ ಹೇಳುತ್ತಿದ್ದೇನೆ.

ಈಗ ನಿಮ್ಮ ಪತ್ರದ ಒಂದು ಮಾತಿಗೆ ಬರುತ್ತೇನೆ. ‘ತಾಳೆಯಾಗುತ್ತಿಲ್ಲ ಅಂತ ಉತ್ತರ ಬಂದಿದೆಯಂತೆ’ ಎಂದು ಬರೆದಿದ್ದೀರಿ. ಅಂದರೆ ಆ ಪತ್ರವನ್ನು ನೀವಾಗಲಿ, ಅವರಾಗಲಿ ಕಣ್ಣಾರೆ ನೋಡಿಲ್ಲ. ಎಲ್ಲಕ್ಕಿಂತ ಮೊದಲು ಬೇಕಾಗಿರುವುದು ಅದರ ಪ್ರತಿ. ಯಾಕೆಂದರೆ ಬೋರ್ಡಿನಿಂದ ಬರುವ ಉತ್ತರಗಳೆಲ್ಲ ಒಂದೇ ಥರ ಇರುವುದಿಲ್ಲ. ‘ಈ ನೋಂದಣಿ ಸಂಖ್ಯೆ ಬೇರೆ ವಿದ್ಯಾರ್ಥಿಯದು’ ಎಂದು ಬಂದರೆ ಅದು ಗಂಭೀರ. ‘ಸಂಖ್ಯೆ, ಹೆಸರು ಸರಿ ಇದೆ, ಅಂಕ ಬೇರೆ ಇದೆ’ ಎಂದರೆ ಯಾರೋ ತಿದ್ದಿದ್ದಾರೆ ಎಂದರ್ಥ. ‘ದಾಖಲೆ ಲಭ್ಯವಿಲ್ಲ’ ಎಂದರೆ ಕಥೆಯೇ ಬೇರೆ. ದಾಖಲೆ ಸಿಗದಿರುವುದಕ್ಕೂ ದಾಖಲೆ ಖೋಟಾ ಆಗಿರುವುದಕ್ಕೂ ಬಹಳ ವ್ಯತ್ಯಾಸ ಇದೆ. ಕಚೇರಿಯ ಮಾತುಕತೆಯಲ್ಲಿ ಮಾತ್ರ ಮೂರಕ್ಕೂ ಒಂದೇ ಹೆಸರು, ‘ಫೇಕ್’.

ನಮ್ಮ ಜಿಲ್ಲೆಯಲ್ಲಿ ಹೀಗೆ ತಪ್ಪಾಗಿ ಸಿಕ್ಕಿಬೀಳಲು ಕಾರಣಗಳೂ ಇವೆ. ಕುವೆಂಪು ವಿಶ್ವವಿದ್ಯಾಲಯ ಶುರುವಾಗಿದ್ದು 1987ರಲ್ಲಿ. ಅದಕ್ಕೂ ಮುಂಚೆ ಇಲ್ಲಿನ ಕಾಲೇಜುಗಳು ಮೈಸೂರು ವಿಶ್ವವಿದ್ಯಾಲಯಕ್ಕೆ ಸೇರಿದ್ದವು. ಹಳೆಯ ಡಿಗ್ರಿಯನ್ನು ಪರಿಶೀಲನೆಗೆ ಕುವೆಂಪು ವಿಶ್ವವಿದ್ಯಾಲಯ ಇರುವ ಶಂಕರಘಟ್ಟಕ್ಕೆ ಕಳಿಸಿದರೆ ‘ನಮ್ಮಲ್ಲಿಲ್ಲ’ ಎಂದೇ ಬರುತ್ತದೆ. ಹೊನ್ನಾಳಿ, ಚನ್ನಗಿರಿ ತಾಲ್ಲೂಕುಗಳು 1997ರಲ್ಲಿ ದಾವಣಗೆರೆ ಜಿಲ್ಲೆಗೆ ಹೋದವು. ಅಲ್ಲಿನ ಹಳೆಯ ಶಾಲಾ ಕಡತ ಹುಡುಕಲು ಎರಡು ಜಿಲ್ಲೆ ತಿರುಗಬೇಕಾಗುತ್ತದೆ. ಮಕ್ಕಳಿಲ್ಲದೆ ಮುಚ್ಚಿದ ಶಾಲೆಗಳ ದಾಖಲೆ ಪಕ್ಕದ ಶಾಲೆಗೆ ಹೋಗಿರುತ್ತದೆ. ಮಳೆಗಾಲದ ತೇವ, ಗೆದ್ದಲು ಎರಡಕ್ಕೂ ಸಿಕ್ಕ ದಾಖಲಾತಿ ವಹಿಗಳು ಎಷ್ಟೋ ಇವೆ. ಇನ್ನು ಇನಿಷಿಯಲ್ ಬಿಡಿಸಿ ಬರೆದದ್ದು, ತಂದೆಯ ಹೆಸರಿನ ಸ್ಪೆಲ್ಲಿಂಗ್, ಪತ್ರ ಬರೆಯುವಾಗ ನೋಂದಣಿ ಸಂಖ್ಯೆಯ ಒಂದು ಅಂಕಿ ತಪ್ಪಿದ್ದು, ಇವೆಲ್ಲ ಸಾಮಾನ್ಯ.

ಆದರೆ ನಿಮಗೆ ಸುಳ್ಳು ಆಸೆ ಕೊಡಲಾರೆ. ಎಸ್ಸೆಸ್ಸೆಲ್ಸಿ ವಿಷಯದಲ್ಲಿ ಮೂಲ ದಾಖಲೆ ಊರ ಶಾಲೆಯಲ್ಲಷ್ಟೇ ಅಲ್ಲ, ಬೆಂಗಳೂರಿನ ಮಂಡಳಿಯಲ್ಲೂ ಇರುತ್ತದೆ. ಫೇಲಾದವರು ಸಾಮಾನ್ಯವಾಗಿ ತಾವು ಓದಿದ ಶಾಲೆಯ ಮೂಲಕವೇ ಮತ್ತೆ ಪರೀಕ್ಷೆ ಕಟ್ಟುತ್ತಾರೆ. ನಿಮ್ಮ ಯಜಮಾನರು ನಿಜವಾಗಿಯೂ ಪರೀಕ್ಷೆ ಕಟ್ಟಿದ್ದರೆ ಶಾಲೆಯ ಶುಲ್ಕದ ಲೆಕ್ಕದಲ್ಲೋ ಪುನರಾವರ್ತಿತ ಅಭ್ಯರ್ಥಿಗಳ ಪಟ್ಟಿಯಲ್ಲೋ ಹೆಸರು ಇರಬೇಕು. ಓದಿದ ಶಾಲೆಗೆ ಗೊತ್ತಿರಲೇ ಇಲ್ಲ, ಅರ್ಜಿಗೆ ಸಹಿ ಹಾಕಲಿಲ್ಲ, ಹಾಲ್ ಟಿಕೆಟ್ ನೆನಪಿಲ್ಲ, ಬೇರೆ ಜಿಲ್ಲೆಯ ಒಂದು ಕೋಣೆಯಲ್ಲಿ ಏನೋ ಬರೆದೆ ಎಂದರೆ, ಆ ಟ್ಯುಟೋರಿಯಲ್‌ನವರು ನಡೆಸಿದ್ದು ಬೋರ್ಡಿನ ಪರೀಕ್ಷೆ ಅಲ್ಲದೇ ಇರಬಹುದು. ಯಜಮಾನರನ್ನು ಕೂರಿಸಿಕೊಂಡು ನೀವೇ ನಿಧಾನವಾಗಿ ಕೇಳಿ. ಯಾವ ಊರು, ಯಾವ ಕಟ್ಟಡ, ಹಾಲ್ ಟಿಕೆಟ್ ಕೊಟ್ಟರಾ, ಎಷ್ಟು ಜನ ಇದ್ದರು, ದುಡ್ಡು ಯಾರ ಕೈಗೆ ಕೊಟ್ಟರು? ಬಯ್ಯಬೇಡಿ. ಇದರಲ್ಲಿ ಮುಚ್ಚಿಟ್ಟ ಒಂದು ಮಾತು ಮುಂದೆ ವಿಚಾರಣೆಯಲ್ಲಿ ಹೊರಬಂದರೆ ಯಾವ ವಕೀಲರೂ ಏನೂ ಮಾಡಲಾಗದು.

ಹದಿನೆಂಟು ವರ್ಷ ಆದ ಮೇಲೆ ಏನೂ ಮಾಡೋಕಾಗಲ್ಲ ಅನ್ನೋದು ನಾನು ಅತಿ ಜಾಸ್ತಿ ಕೇಳಿರುವ ಮಾತು. ಇದು ನಿಜವಲ್ಲ. 1995ರ ಎಂ. ಭಾಸ್ಕರನ್ ಪ್ರಕರಣದಲ್ಲಿ ಹಿಂದೆ ದಿನಗೂಲಿ ಕೆಲಸ ಮಾಡಿದ್ದೆವು ಎನ್ನುವ ಖೋಟಾ ಸೇವಾ ಕಾರ್ಡ್ ತೋರಿಸಿ ರೈಲ್ವೆ ಸೇರಿದ್ದವರ ವಿಷಯ ಸುಪ್ರೀಂ ಕೋರ್ಟಿನ ಮುಂದೆ ಬಂತು. ಮೋಸದಿಂದ ಪಡೆದ ನೌಕರಿಗೆ ಎಷ್ಟು ವರ್ಷ ಸೇವೆ ಸಲ್ಲಿಸಿದರೂ ಹಕ್ಕು ಹುಟ್ಟುವುದಿಲ್ಲ ಎಂದು ಕೋರ್ಟ್ ಹೇಳಿತು. 2004ರ ವಿಶ್ವನಾಥ ಪಿಳ್ಳೈ ಪ್ರಕರಣ ಇನ್ನೂ ಕಠಿಣ. ಅದು ಸುಳ್ಳು ಜಾತಿ ಪ್ರಮಾಣಪತ್ರದ ಕೇಸು. ಕೇರಳದ ಒಬ್ಬ ಪೊಲೀಸ್ ಅಧಿಕಾರಿ ಸುಮಾರು 27 ವರ್ಷ ಸೇವೆ ಮಾಡಿದ್ದರು. ವಜಾ ಬೇಡ, ಕಡ್ಡಾಯ ನಿವೃತ್ತಿಯನ್ನಾದರೂ ಕೊಡಿ, ಪಿಂಚಣಿ ಉಳಿಯಲಿ ಎಂದು ಬೇಡಿಕೊಂಡರು. ಅದೂ ಸಿಗಲಿಲ್ಲ. ನೇಮಕವೇ ಮೋಸದ ಮೇಲೆ ನಿಂತಿದ್ದರೆ ವಿಚಾರಣೆ ಇಲ್ಲದೆ ಸರ್ಕಾರಿ ನೌಕರರನ್ನು ತೆಗೆಯಬಾರದು ಎನ್ನುವ ಸಂವಿಧಾನದ 311ನೇ ವಿಧಿಯ ರಕ್ಷಣೆಯನ್ನೂ ಕೇಳುವಂತಿಲ್ಲ ಎಂದಿತು ಕೋರ್ಟ್.

ಹಾಗಂತ ನಾಳೆ ಬೆಳಗ್ಗೆ ಒಂದು ಚೀಟಿ ಕೊಟ್ಟು ಮನೆಗೆ ಕಳಿಸಲು ಇಲಾಖೆಗೂ ಬರುವುದಿಲ್ಲ. ಅಂಕಪಟ್ಟಿ ಖೋಟಾ ಹೌದೋ ಅಲ್ಲವೋ ಎಂಬುದೇ ಮೊದಲು ತೀರ್ಮಾನ ಆಗಬೇಕಲ್ವಾ? ಅದಕ್ಕೆ 1957ರ ಸಿಸಿಎ ನಿಯಮಗಳಿವೆ, ಅಂದರೆ ರಾಜ್ಯ ಸರ್ಕಾರಿ ನೌಕರರ ಶಿಸ್ತು ಕ್ರಮದ ನಿಯಮಗಳು. ಆರೋಪ ಪಟ್ಟಿ ಕೊಡಬೇಕು, ಲಿಖಿತ ಉತ್ತರಕ್ಕೆ ಸಮಯ ಕೊಡಬೇಕು, ವಿಚಾರಣಾಧಿಕಾರಿ ಸಾಕ್ಷಿ ಕೇಳಬೇಕು. ಬೋರ್ಡಿನ ಪತ್ರವನ್ನು ಕಡತದಲ್ಲಿ ಸೇರಿಸಿದ ಮಾತ್ರಕ್ಕೆ ಆರೋಪ ಸಾಬೀತಾದಂತೆ ಅಲ್ಲ. ರೂಪ್ ಸಿಂಗ್ ನೇಗಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. ವಿಚಾರಣೆಯಲ್ಲಿ ದಾಖಲೆಗಳನ್ನು ಸುಮ್ನೆ ಹಾಜರುಪಡಿಸಿದರೆ ಸಾಲದು, ಸಾಕ್ಷಿಗಳ ಮೂಲಕ ಅದರಲ್ಲಿರುವುದನ್ನು ರುಜುವಾತು ಮಾಡಬೇಕು. ಮೂಲ ದಾಖಲೆ ನೋಡಿ ಪತ್ರ ಬರೆದವರನ್ನು ಕರೆಸಿ, ಅವರಿಗೆ ಪಾಟೀ ಸವಾಲು ಹಾಕಲು ಅವಕಾಶ ಕೇಳಿ. ಯಾವ ವಹಿ ನೋಡಿದಿರಿ, ಯಾವ ವರ್ಷದ್ದು, ಹೆಸರಿನಿಂದ ಹುಡುಕಿದಿರಾ ಅಥವಾ ನೋಂದಣಿ ಸಂಖ್ಯೆಯಿಂದಲಾ? ಇಂಥ ಸರಳ ಪ್ರಶ್ನೆಗಳಿಂದಲೇ ಸತ್ಯ ಹೊರಬರುತ್ತದೆ, ಅದು ಯಾವ ಕಡೆಗಿದ್ದರೂ ಸರಿ. ವಿಚಾರಣೆಯಲ್ಲಿ ಸಾಮಾನ್ಯವಾಗಿ ವಕೀಲರನ್ನು ಬಿಡುವುದಿಲ್ಲ. ನಿಯಮ ಗೊತ್ತಿರುವ ಒಬ್ಬ ಸರ್ಕಾರಿ ನೌಕರರನ್ನು, ಇಲ್ಲವೇ ನಿವೃತ್ತರನ್ನು ಸಹಾಯಕ್ಕೆ ಇಟ್ಟುಕೊಳ್ಳಲು ಅನುಮತಿ ಕೇಳಿ.

ಮೂಗರ್ಜಿ ಮೇಲೆ ಕ್ರಮ ಇಲ್ಲ ಎಂಬ ಮಾತನ್ನೂ ನಿಮಗೆ ಯಾರಾದರೂ ಹೇಳಿರುತ್ತಾರೆ. ಹೆಸರಿಲ್ಲದ ಅರ್ಜಿಯನ್ನು ಇಲಾಖೆ ಪಕ್ಕಕ್ಕಿಡಬಹುದಿತ್ತು, ನಿಜ. ಆದರೆ ಒಮ್ಮೆ ಬೋರ್ಡಿನ ಉತ್ತರ ಬಂದ ಮೇಲೆ ಕೇಸು ನಿಲ್ಲುವುದು ಆ ಉತ್ತರದ ಮೇಲೆ. ಅರ್ಜಿ ಹಾಕಿದ್ದು ಯಾರು ಎಂದು ಹುಡುಕುತ್ತಾ, ತೋಟದ ಬೇಲಿ ಹತ್ತಿರ ಜಗಳ ಬೆಳೆಸಿಕೊಂಡು ಶಕ್ತಿ ಕಳೆಯಬೇಡಿ.

ಈಗ ಮತ್ತೆ ಎಸ್ಸೆಸ್ಸೆಲ್ಸಿ ಪಾಸು ಮಾಡಿದರೆ ಆಗುತ್ತಾ? ಆಗುವುದಿಲ್ಲ. ಅರ್ಹತೆ ನೇಮಕದ ಹೊತ್ತಿಗೆ ಇರಬೇಕಿತ್ತು.

ಗ್ರೂಪ್ ಡಿ ವಿಷಯದಲ್ಲಿ ನೀವು ಕೇಳಿದ ಪ್ರಶ್ನೆ ನನ್ನನ್ನು ಬಹಳ ಕಾಡಿತು. ನೀವು ಹೇಳುವಂತೆ, ಅಂದು ನಿಜವಾದ ವಿದ್ಯಾರ್ಹತೆ ತೋರಿಸಿದ್ದರೆ ಅವರಿಗೆ ಕೆಳಗಿನ ಹುದ್ದೆಯಾದರೂ ಕಾನೂನುಬದ್ಧವಾಗಿ ಸಿಗುತ್ತಿತ್ತು. 1996ರ ಅನುಕಂಪ ನೇಮಕಾತಿ ನಿಯಮಗಳಲ್ಲಿ ಅರ್ಹತೆ ನೋಡಿ ಗ್ರೂಪ್ ಸಿ ಅಥವಾ ಡಿ ಹುದ್ದೆ ಕೊಡುತ್ತಾರೆ. ಒಂದು ಕಾಗದ ಸೇರಿಸಿದ್ದಕ್ಕೆ ಎರಡೂ ಹೋಗುವ ಪರಿಸ್ಥಿತಿ ಬಂದಿದೆ. ನ್ಯಾಯ ಎಂದು ನೋಡಿದರೆ ಹಿಂಬಡ್ತಿ ಕೊಟ್ಟು ಉಳಿಸಿಕೊಳ್ಳಬಹುದಿತ್ತು ಎಂದು ನನಗೂ ಅನಿಸುತ್ತದೆ. ಆದರೆ ಕಾನೂನಿನಲ್ಲಿ ಒಂದು ದೊಡ್ಡ ಅಡ್ಡಿ ಇದೆ. 1988ರ ನ್ಯಾದರ್ ಸಿಂಗ್ ಪ್ರಕರಣದಲ್ಲಿ, ನೇರವಾಗಿ ಒಂದು ಹುದ್ದೆಗೆ ಸೇರಿದ ನೌಕರನನ್ನು ಅವನು ಎಂದೂ ಇರದ ಕೆಳಗಿನ ಹುದ್ದೆಗೆ ಶಿಕ್ಷೆಯಾಗಿ ಇಳಿಸಲು ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿದೆ. ನೌಕರರ ರಕ್ಷಣೆಗೆ ಬಂದ ತೀರ್ಪು ಅದು. ನಿಮ್ಮ ವಿಷಯದಲ್ಲಿ ಅದೇ ಎದುರಾಗುತ್ತದೆ. ಸರ್ಕಾರಕ್ಕೆ ಮನವಿ ಕೊಡಬೇಡಿ ಎನ್ನುವುದಿಲ್ಲ. ಮಾವನವರ ಸೇವೆ, ಮನೆಯ ಸ್ಥಿತಿ, ಇಷ್ಟು ವರ್ಷದ ಕಳಂಕವಿಲ್ಲದ ಕೆಲಸ ಎಲ್ಲ ಬರೆದು ಕೊಡಿ. ಆದರೆ ಅದನ್ನೇ ನಂಬಿ ಉಳಿದ ದಾರಿ ಬಿಡಬೇಡಿ. ಇನ್ನೊಂದು ಎಚ್ಚರಿಕೆ: ‘ಗ್ರೂಪ್ ಡಿಯಾದರೂ ಕೊಡಿ’ ಎಂದು ಬರೆಯುವುದು ಒಂದು ರೀತಿಯಲ್ಲಿ ಅಂಕಪಟ್ಟಿ ಸರಿ ಇರಲಿಲ್ಲ ಎಂದು ಒಪ್ಪಿಕೊಂಡಂತೆ. ಬೋರ್ಡಿನ ಪತ್ರ ನೋಡುವ ಮೊದಲು ಅದನ್ನು ಕೊಡಬಾರದು.

ಪತ್ರ ನೋಡಿದ ಮೇಲೆ ದಾರಿ ಕವಲೊಡೆಯುತ್ತದೆ. ಪತ್ರದಲ್ಲಿ ಅಸ್ಪಷ್ಟತೆ ಇದ್ದರೆ, ಅಥವಾ ಅವರು ಪರೀಕ್ಷೆ ಬರೆದದ್ದಕ್ಕೆ ಒಂದಾದರೂ ಕುರುಹು ಸಿಕ್ಕರೆ, ವಿಚಾರಣೆಯನ್ನು ಪೂರ್ತಿ ಎದುರಿಸಿ. ಮರುಪರಿಶೀಲನೆಗೆ ಲಿಖಿತವಾಗಿ ಕೇಳಿ. ಆದೇಶ ವಿರುದ್ಧ ಬಂದರೆ ಇಲಾಖೆಯೊಳಗೇ ಮೇಲ್ಮನವಿ, ಆಮೇಲೆ ಬೆಂಗಳೂರಿನ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಅಂದರೆ ಕೆಎಟಿ. ಅಂತಿಮ ಆದೇಶ ಬಂದ ಒಂದು ವರ್ಷದೊಳಗೆ ಅಲ್ಲಿಗೆ ಹೋಗಬೇಕು. ಅಲ್ಲೂ ಆಗದಿದ್ದರೆ ಹೈಕೋರ್ಟ್. ಈ ದಾರಿಯಲ್ಲಿ ಸಮಯ, ದುಡ್ಡು ಎರಡೂ ಹೋಗುತ್ತವೆ. ನಡುವೆ ಅಮಾನತು ಆಗಬಹುದು. ಅಮಾನತಿನಲ್ಲಿ ಜೀವನಾಧಾರ ಭತ್ಯೆ ಸಿಗುತ್ತದೆ, ಮೊದಲಿಗೆ ಹೆಚ್ಚುಕಡಿಮೆ ಅರ್ಧ ಸಂಬಳ. ಅದಕ್ಕಾಗಿ ಬೇರೆ ಕೆಲಸಕ್ಕೆ ಸೇರಿಲ್ಲ ಎಂದು ಬರೆದುಕೊಡಬೇಕು. ಅನುಮತಿ ಇಲ್ಲದೆ ಕೇಂದ್ರಸ್ಥಾನ ಬಿಡುವಂತಿಲ್ಲ. ಮನೆ ಖರ್ಚನ್ನು ಈಗಿನಿಂದಲೇ ಅದಕ್ಕೆ ಹೊಂದಿಸಿಕೊಳ್ಳಿ.

ಪತ್ರ ಸ್ಪಷ್ಟವಾಗಿದ್ದು, ಯಜಮಾನರ ಹತ್ತಿರ ಹೇಳಲು ಏನೂ ಇಲ್ಲದಿದ್ದರೆ ಕೆಲಸ ಉಳಿಯುವುದು ತೀರಾ ಕಷ್ಟ. ಆಗ ಗಮನ ಇಡಬೇಕಾದದ್ದು ಎರಡು ಕಡೆ: ಯಾವ ರೀತಿಯ ಆದೇಶ ಬರುತ್ತದೆ ಮತ್ತು ಕ್ರಿಮಿನಲ್ ಕೇಸು ಎಲ್ಲಿಗೆ ಹೋಗುತ್ತದೆ. ಸೇವೆಯಿಂದ ತೆಗೆದುಹಾಕುವುದು ಬೇರೆ, ವಜಾ ಮಾಡುವುದು ಬೇರೆ. ವಜಾ ಆದರೆ ಮುಂದೆ ಸರ್ಕಾರಿ ಕೆಲಸಕ್ಕೆ ಸಾಮಾನ್ಯವಾಗಿ ಅನರ್ಹರು. ತೆಗೆದುಹಾಕಿದರೆ ಆ ಅನರ್ಹತೆ ಇರುವುದಿಲ್ಲ. ಕಡ್ಡಾಯ ನಿವೃತ್ತಿ ಕೇಳಿ ನೋಡಬಹುದು, ಆದರೆ ಮೇಲೆ ಹೇಳಿದ 2004ರ ತೀರ್ಪು ಎದುರಿಗಿದೆ.

ರಾಜೀನಾಮೆ ಕೊಟ್ಟರೆ ಎಲ್ಲ ಮುಗಿಯುತ್ತದೆ ಎಂಬ ಸಲಹೆ ಅರ್ಧ ಮಾತ್ರ ಸರಿ. ವಿಚಾರಣೆ ಬಾಕಿ ಇದ್ದಾಗ ರಾಜೀನಾಮೆಯನ್ನು ಒಪ್ಪದೇ ಇರಬಹುದು. ಒಪ್ಪಿದರೂ ಹಿಂದಿನ ಸೇವೆಯ ಲಾಭ ಹೋಗುತ್ತದೆ. ಕ್ರಿಮಿನಲ್ ಕೇಸಿಗೆ ಅದು ಅಡ್ಡಿಯೇ ಅಲ್ಲ. ಕೆಲವರಿಗೆ ವಜಾ ಎಂಬ ಕಪ್ಪುಚುಕ್ಕೆ ತಪ್ಪಿದ ಸಮಾಧಾನ ಸಿಗುತ್ತದೆ, ಅದನ್ನು ಕಡಿಮೆ ಎಂದು ನಾನು ಹೇಳುವುದಿಲ್ಲ. ಆದರೆ ಗಾಬರಿಯಲ್ಲಿ ರಾತ್ರೋರಾತ್ರಿ ಬರೆದುಕೊಡುವ ಕಾಗದ ಅದಲ್ಲ.

ಜೈಲಿನ ಭಯಕ್ಕೆ ಬರುತ್ತೇನೆ. ಇಲಾಖೆ ಪೊಲೀಸರಿಗೆ ದೂರು ಕೊಡುವ ಸಾಧ್ಯತೆ ಇದೆ. ಈ ಘಟನೆಗಳು ಹೊಸ ಭಾರತೀಯ ನ್ಯಾಯ ಸಂಹಿತೆ ಜಾರಿಗೆ ಬಂದ 2024ರ ಜುಲೈ 1ಕ್ಕಿಂತ ಮುಂಚಿನವು. ಆದ್ದರಿಂದ ಹಳೆಯ ಭಾರತೀಯ ದಂಡ ಸಂಹಿತೆಯ 420 (ವಂಚನೆ), 468 (ವಂಚನೆಗಾಗಿ ಖೋಟಾ ಸೃಷ್ಟಿ), 471ನೇ (ಖೋಟಾ ದಾಖಲೆಯ ಬಳಕೆ) ಕಲಮುಗಳು ಬರುತ್ತವೆ. ವಂಚನೆಗೆ ಏಳು ವರ್ಷದವರೆಗೆ ಶಿಕ್ಷೆ ಇರುವುದರಿಂದ ‘ಹಳೇ ಕೇಸು, ಅವಧಿ ಮುಗಿದಿದೆ’ ಎನ್ನಲು ಬರುವುದಿಲ್ಲ. ಆದರೆ ದೂರು ಆದ ಕೂಡಲೇ ಬಂಧನ ಎಂದೂ ಇಲ್ಲ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಬಂಧನಕ್ಕೆ ಕಾರಣ ಬೇಕು, ಇಲ್ಲದಿದ್ದರೆ ನೋಟಿಸ್ ಕೊಟ್ಟು ವಿಚಾರಣೆಗೆ ಕರೆಯಬೇಕು ಎಂದು 2014ರ ಅರ್ನೇಶ್ ಕುಮಾರ್ ತೀರ್ಪಿನಲ್ಲಿ ಇದೆ. ದೂರು ದಾಖಲಾಗುವ ಸೂಚನೆ ಸಿಕ್ಕರೆ ಸೆಷನ್ಸ್ ಕೋರ್ಟಿನಲ್ಲಿ ನಿರೀಕ್ಷಣಾ ಜಾಮೀನಿಗೆ ಅರ್ಜಿ ಹಾಕಬಹುದು.

ಇಲ್ಲಿ ನಿಮ್ಮ ಯಜಮಾನರಿಗೆ ನಿಜವಾದ ವಾದ ಇರುವುದು ಒಂದು ಕಡೆ. ಖೋಟಾ ದಾಖಲೆ ತಯಾರಿಸಿದವರ ಮೇಲೆ ಮಾತ್ರ ಖೋಟಾ ಸೃಷ್ಟಿಯ ಆರೋಪ ನಿಲ್ಲುತ್ತದೆ ಎಂದು 2018ರ ಶೀಲಾ ಸೆಬಾಸ್ಟಿಯನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ತಯಾರಿಸಿದ್ದು ಟ್ಯುಟೋರಿಯಲ್‌ನವರು ಎಂದಾದರೆ ಇವರ ಮೇಲೆ ಉಳಿಯುವುದು ಬಳಸಿದ ಆರೋಪ. ಅದಕ್ಕೆ, ಕಾಗದ ಖೋಟಾ ಎಂದು ಇವರಿಗೆ ಗೊತ್ತಿತ್ತು ಅಥವಾ ಹಾಗೆ ನಂಬಲು ಕಾರಣ ಇತ್ತು ಎಂಬುದು ಸಾಬೀತಾಗಬೇಕು. ಹದಿನಾರು, ಹದಿನೇಳು ವರ್ಷದ ಹುಡುಗ. ಫೀಸು ಕಟ್ಟಿದ, ಕರೆದುಕೊಂಡು ಹೋದ ಕಡೆ ಕೂತು ಬರೆದ, ಕೊಟ್ಟ ಕಾರ್ಡು ತಗೊಂಡ. ಇದು ಸತ್ಯವಾಗಿದ್ದರೆ ಕ್ರಿಮಿನಲ್ ಕೋರ್ಟಿನಲ್ಲಿ ಇದಕ್ಕೆ ತೂಕ ಇದೆ. ಪರೀಕ್ಷೆಯನ್ನೇ ಬರೆಯದೆ ಕಾರ್ಡು ಬಂದಿದ್ದರೆ ಇಲ್ಲ. ಅದಕ್ಕೇ ಅವರನ್ನು ಕೂರಿಸಿ ಕೇಳಿ ಎಂದೆ.

ಇಲಾಖಾ ವಿಚಾರಣೆ ಮತ್ತು ಕ್ರಿಮಿನಲ್ ಕೇಸು ಒಟ್ಟಿಗೆ ನಡೆಯಬಹುದು. ಒಂದೇ ಸಂಗತಿಯ ಮೇಲೆ ನಿಂತ ಗಂಭೀರ, ಜಟಿಲ ಕೇಸಿನಲ್ಲಿ ವಿಚಾರಣೆಯನ್ನು ಸ್ವಲ್ಪ ಕಾಲ ತಡೆಹಿಡಿಯಲು ಕೇಳಬಹುದು. ಈ ತತ್ವ ಇರುವ 1999ರ ಪಾಲ್ ಆಂಟನಿ ಪ್ರಕರಣ ನಮ್ಮ ಕೆಜಿಎಫ್‌ನದೇ. ಕೋರ್ಟಿನಲ್ಲಿ ಖುಲಾಸೆಯಾದರೆ ಕೆಲಸ ತಾನಾಗಿ ವಾಪಸ್ ಬರುವುದಿಲ್ಲ. ಎರಡು ಕಡೆ ಸಾಕ್ಷ್ಯದ ಅಳತೆ ಬೇರೆ. ವಿಚಾರಣೆಯಲ್ಲಿ ಬರೆದುಕೊಟ್ಟ ಉತ್ತರ ಕ್ರಿಮಿನಲ್ ಕೇಸಿಗೂ ಬಂದು ಸೇರಬಹುದು. ಹಾಗಾಗಿ ಎರಡಕ್ಕೂ ಬೇರೆ ಬೇರೆ ವಕೀಲರಿದ್ದರೆ ಅವರಿಬ್ಬರೂ ಮಾತಾಡಿಕೊಂಡೇ ಉತ್ತರ ಬರೆಯಲಿ.

ಸಂಬಳದ ವಿಷಯ. ಇಷ್ಟು ವರ್ಷ ದಿನಾ ಕಚೇರಿಗೆ ಹೋಗಿ ಕೆಲಸ ಮಾಡಿದ್ದಾರೆ. ಮಾಡಿದ ಕೆಲಸದ ಸಂಬಳವನ್ನೆಲ್ಲ ವಸೂಲು ಮಾಡಿ ಮುಗಿಸಿದ ಪ್ರಕರಣ ನನ್ನ ಅನುಭವದಲ್ಲಿ ಅಪರೂಪ. ನೋಟಿಸಿನಲ್ಲಿ ಹಾಗೆ ಬರೆದಿದ್ದರೆ ಹೆದರಿ ಕಟ್ಟಬೇಡಿ, ಅದನ್ನು ಪ್ರತ್ಯೇಕವಾಗಿ ಪ್ರಶ್ನಿಸಿ. ರಾಜ್ಯದಲ್ಲಿ 2006ರ ಏಪ್ರಿಲ್ 1ರಿಂದ ಸೇರಿದವರಿಗೆ ಎನ್‌ಪಿಎಸ್, ಅಂದರೆ ವಂತಿಗೆ ಕಟ್ಟುವ ಹೊಸ ಪಿಂಚಣಿ ಯೋಜನೆ ಬಂದಿದೆ, ನಿಮ್ಮವರೂ ಅದರಲ್ಲೇ ಇರುತ್ತಾರೆ. ಅವರ ಸಂಬಳದಿಂದ ಕಡಿತವಾಗಿ ಖಾತೆಗೆ ಹೋದ ವಂತಿಗೆ ಅವರ ಹಣ. ಸರ್ಕಾರದ ಪಾಲಿನ ಬಗ್ಗೆ ತಕರಾರು ಬರಬಹುದು. ಗ್ರಾಚ್ಯುಟಿ ಕೈತಪ್ಪುವ ಸಂಭವ ಜಾಸ್ತಿ. ಎನ್‌ಪಿಎಸ್ ವಿವರ, ಕೆಜಿಐಡಿ (ಸರ್ಕಾರಿ ವಿಮಾ ಇಲಾಖೆ) ಪಾಲಿಸಿ ಬಾಂಡ್, ನೇಮಕಾತಿ ಆದೇಶ, ಸೇವಾ ಪುಸ್ತಕದ ನಕಲು, ಎಲ್ಲವನ್ನೂ ಈಗಲೇ ಒಂದು ಕಡೆ ಮಾಡಿ ಇಡಿ. ಮಕ್ಕಳ ಓದು, ಅವರ ಪ್ರಮಾಣಪತ್ರಗಳಿಗೆ ಇದರಿಂದ ಏನೂ ಆಗುವುದಿಲ್ಲ.

ಕೊನೆಗೆ ಆ ಟ್ಯುಟೋರಿಯಲ್. ನೀವು ಅದರ ಬಗ್ಗೆ ಏನೂ ಕೇಳಿಲ್ಲ, ಆದರೆ ನನಗೆ ಸಿಟ್ಟು ಬರುವುದು ಅಲ್ಲೇ. ಮಲೆನಾಡಿನ ಹಳ್ಳಿಯಿಂದ ಬಂದ, ಇಂಗ್ಲಿಷ್ ಗಣಿತಕ್ಕೆ ಹೆದರಿದ ಹುಡುಗರೇ ಇಂಥವರ ಬಂಡವಾಳ. ಕಾಗದ ಮಾರಿದವರು ದುಡ್ಡು ಎಣಿಸಿಕೊಂಡು ನಾಮಫಲಕ ಕಳಚಿ ಹೋಗುತ್ತಾರೆ. ಇಪ್ಪತ್ತು ವರ್ಷದ ಮೇಲೆ ವಿಚಾರಣೆಗೆ ನಿಲ್ಲುವವನು ಕೊಂಡವನು ಮಾತ್ರ. ನಿಮ್ಮ ಯಜಮಾನರ ಜೊತೆ ಅದೇ ಟ್ಯುಟೋರಿಯಲ್‌ನಲ್ಲಿ ಕೂತು ಬರೆದವರು ಯಾರಾದರೂ ನೆನಪಿದ್ದರೆ ಅವರ ಹೆಸರು ಬರೆದಿಡಿ. ಹಳೆಯ ರಸೀದಿ, ಮನಿ ಆರ್ಡರ್ ತುಂಡು, ಜಾಹೀರಾತಿನ ಕರಪತ್ರ ಏನಿದ್ದರೂ ಹುಡುಕಿ. ನಡೆಸುತ್ತಿದ್ದವರ ಮೇಲೆ ದೂರು ಕೊಡುವುದು ಯಜಮಾನರ ಪರವಾದ ವಾದಕ್ಕೂ ಬಲ. ಆದರೆ ಅದರಲ್ಲಿ ಬರೆಯುವ ಪ್ರತಿ ಸಾಲೂ ಅವರ ಹೇಳಿಕೆಯಾಗುತ್ತದೆ. ಆದ್ದರಿಂದ ಬೋರ್ಡಿನ ಪತ್ರದ ಪ್ರತಿಗೆ ಈ ವಾರವೇ ಇಲಾಖೆಗೆ ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ. ಪತ್ರ ಕೈಗೆ ಬಂದ ಮೇಲೆ, ವಕೀಲರ ಎದುರು ಕೂತು ದೂರು ಬರೆಸಿ.